ಹಳೆಯ ಸರಕಿನಿಂದ ಹೊಸ ಆಟ ಕಟ್ಟಿದವನು

ವಿಡಿಯೋ ಆಟಗಳನ್ನಾಡುವವರ ಲೋಕದಲ್ಲಿ ಸಾಧನೆ ಎಂಬ ಮಾತಿಗೆ ಈಗ ಒಂದು ವಿಶೇಷವಾದ ಅರ್ಥ ಬಂದಿದೆ. ಆಟಗಾರನು ಇಂಥ ವೈರಿಯನ್ನು ಗೆದ್ದನೆಂದೋ, ಇಷ್ಟು ನಿಧಿಗಳನ್ನು ಕೂಡಿಸಿದನೆಂದೋ, ಗುಟ್ಟಾದ ಗುಹೆಯೊಂದನ್ನು ಹೊಕ್ಕು ಬಂದನೆಂದೋ ಯಂತ್ರವು ಗುರುತಿಸಿ, ಅವನ ಹೆಸರಿನ ಎದುರಿಗೆ ಒಂದು ಚಿಕ್ಕ ಪದಕವನ್ನು ಬರೆದಿಡುತ್ತದೆ. ಆ ಪದಕಕ್ಕೇ ಸಾಧನೆಯೆಂದು ಹೆಸರು. ೨೦೦೫ರಲ್ಲಿ ಮೈಕ್ರೋಸಾಫ್ಟ್ ಕಂಪನಿಯ ಎಕ್ಸ್‌ಬಾಕ್ಸ್ ೩೬೦ ಯಂತ್ರವು ಬಂದಂದಿನಿಂದ ಈ ಪದ್ಧತಿ ಬೇರೂರಿತು. ಅದಕ್ಕೆ ಹಿಂದಿನ ಯಂತ್ರಗಳಿಗೆ ಈ ಬಗೆಯ ಲೆಕ್ಕ ತಿಳಿಯದು. ಆದರೂ ಅಭಿಮಾನಿಗಳು ಸುಮ್ಮನಿರಲಿಲ್ಲ. ಮೂವತ್ತು ವರ್ಷ ಹಳೆಯದಾದ ಆಟಗಳಿಗೂ ತಾವೇ ಸಾಧನೆಗಳ ಪಟ್ಟಿಗಳನ್ನು ಕಟ್ಟಿ, ಅವುಗಳನ್ನು ಒಂದೊಂದಾಗಿ ಗಳಿಸುವುದರಲ್ಲಿ ರಾತ್ರಿಗಳನ್ನು ಕಳೆಯುತ್ತಿದ್ದಾರೆ. ಪಾತ್ರಧಾರಣೆಯ ಆಟಗಳು ಈ ವ್ಯಾಸಂಗಕ್ಕೆ ಬಹಳ ಚೆನ್ನಾಗಿ ಒಗ್ಗುತ್ತವೆ. ಆಟಗಾರನು ಕಥೆಯೊಳಗಿನ ಒಬ್ಬ ವ್ಯಕ್ತಿಯಾಗಿ ಊರೂರು ತಿರುಗಿ, ಸೋತು ಗೆದ್ದು, ಸ್ವಲ್ಪ ಸ್ವಲ್ಪವಾಗಿ ಬಲಗೊಳ್ಳುವ ಆಟಗಳು ಅವು. ಒಂದೊಂದೂ ಮುಗಿಯಲು ಹತ್ತಾರು ಗಂಟೆಗಳು ಬೇಕು.

ಇಂಥ ಹಳೆಯ ಯಂತ್ರಗಳ ಸಾಲಿನಲ್ಲಿ ಗೇಮ್ ಬಾಯ್ ಎಂಬ ಬೂದು ಬಣ್ಣದ ಪೆಟ್ಟಿಗೆಯೊಂದಿದೆ. ಅದನ್ನು ಕಂಡವರು, ಆಡಿದವರು ಕೋಟಿಗಟ್ಟಲೆ. ಅದರ ಹಿಂದಿದ್ದ ಗುನ್‌ಪೇ ಯೊಕೊಯಿ ಎಂಬ ಮನುಷ್ಯನನ್ನು ನಮ್ಮಲ್ಲಿ ಬಲ್ಲವರು ಕಡಿಮೆ. ಆತನು ತೀರಿಕೊಂಡು ಕಾಲು ಶತಮಾನವೇ ಮೀರಿತು. ಸಾಧನೆಯೆಂದರೇನು, ಅದನ್ನು ಪಟ್ಟಿಯಲ್ಲಿ ಬರೆದು ಮುಗಿಸಬಹುದೆ ಎಂಬ ಪ್ರಶ್ನೆ ನನ್ನ ಮನಸ್ಸಿಗೆ ಬಂದಾಗಲೆಲ್ಲ ನನಗೆ ಆತನ ಬಾಳಿನ ನೆನಪಾಗುತ್ತದೆ. ಆದುದರಿಂದ ಅದನ್ನು ಇಲ್ಲಿ ಸಂಗ್ರಹವಾಗಿ ಹೇಳಬೇಕೆಂದಿದ್ದೇನೆ.

ಯೊಕೊಯಿ ಹುಟ್ಟಿದ್ದು ಜಪಾನಿನ ಹಳೆಯ ರಾಜಧಾನಿಯಾದ ಕ್ಯೋಟೋ ನಗರದಲ್ಲಿ, ೧೯೪೧ರ ಸೆಪ್ಟೆಂಬರ್ ೧೦ರಂದು. ಅದೇ ಊರಿನ ದೋಶಿಶಾ ವಿಶ್ವವಿದ್ಯಾನಿಲಯದಲ್ಲಿ ವಿದ್ಯುತ್ ಶಾಸ್ತ್ರವನ್ನು ಓದಿ ಪದವೀಧರನಾದನು. ಹೆಸರುವಾಸಿಯಾದ ದೊಡ್ಡ ವಿದ್ಯುತ್ ಕಂಪನಿಗಳ ಬಾಗಿಲು ಆತನಿಗೆ ತೆರೆಯಲಿಲ್ಲ. ೧೯೬೫ರಲ್ಲಿ ಊರಿನಲ್ಲಿಯೇ ಇದ್ದ ನಿಂಟೆಂಡೋ ಕಂಪನಿಯನ್ನು ಸೇರಿದನು. ಇಂದು ಆ ಹೆಸರನ್ನು ಕೇಳಿದವರ ಮನಸ್ಸಿಗೆ ಬರುವ ವೈಭವವಾವುದೂ ಆಗ ಅದಕ್ಕಿರಲಿಲ್ಲ. ೧೮೮೯ರಲ್ಲಿ ಫುಸಾಜಿರೋ ಯಾಮಾಉಚಿ ಎಂಬಾತನು ಹನಫುದಾ ಎಂಬ ಆಟದ ಎಲೆಗಳನ್ನು ಮಾಡಿ ಮಾರುವುದಕ್ಕಾಗಿ ಸ್ಥಾಪಿಸಿದ ಮನೆತನದ ಉದ್ಯಮ ಅದು. ಹನಫುದಾ ಎಂದರೆ ಹೂವಿನ ಎಲೆಗಳು. ತಿಂಗಳಿಗೆ ನಾಲ್ಕರಂತೆ ಹನ್ನೆರಡು ತಿಂಗಳಿಗೆ ನಲವತ್ತೆಂಟು. ಯೊಕೊಯಿಗೆ ದೊರೆತ ಕೆಲಸ ಈ ಎಲೆಗಳನ್ನು ತಯಾರಿಸುವ ಯಂತ್ರಗಳು ಕೆಡದಂತೆ ನೋಡಿಕೊಳ್ಳುವುದು. ಯಂತ್ರಗಳು ಸರಿಯಾಗಿ ನಡೆಯುತ್ತಿರುವಾಗ ಅಂಥ ಕೆಲಸಗಾರನಿಗೆ ಮಾಡಲು ಏನೂ ಇರುವುದಿಲ್ಲ. ಯೊಕೊಯಿಯ ಭಾಗ್ಯವು ಆ ಬಿಡುವಿನಲ್ಲಿ ಹುಟ್ಟಿತು.

ಬಿಡುವಿನ ವೇಳೆಯಲ್ಲಿ ಆತನು ಒಂದು ಆಟಿಕೆಯನ್ನು ಮಾಡಿಕೊಂಡಿದ್ದನು. ಅಡ್ಡಡ್ಡವಾಗಿ ಜೋಡಿಸಿದ ಪಟ್ಟಿಗಳ ಸಾಲು. ಈ ತುದಿಯ ಹಿಡಿಗಳನ್ನು ಕೂಡಿಸಿದರೆ ಆ ತುದಿಯು ಮುಂದೆ ಚಾಚಿಕೊಂಡು ದೂರದ ವಸ್ತುವನ್ನು ಹಿಡಿಯುವುದು. ಕಂಪನಿಯ ಅಧ್ಯಕ್ಷನಾದ ಹಿರೋಶಿ ಯಾಮಾಉಚಿಯ ಕಣ್ಣಿಗೆ ಅದು ಬಿದ್ದಿತು. ಕೆಲಸದ ವೇಳೆಯಲ್ಲಿ ಆಟವಾಡುತ್ತಿದ್ದ ಯುವಕನು ಬೈಗಳನ್ನು ನಿರೀಕ್ಷಿಸಿದ್ದರೆ ಆಶ್ಚರ್ಯವಿಲ್ಲ. ದೊರೆತುದು ಬೇರೆ: ಅದನ್ನು ಮಾರಾಟಕ್ಕೆ ಸಿದ್ಧಗೊಳಿಸಬೇಕೆಂಬ ಅಪ್ಪಣೆ. ಯಾಮಾಉಚಿಯು ಆ ದಿನಗಳಲ್ಲಿ ಟ್ಯಾಕ್ಸಿ ಓಡಿಸಿ, ದಿಢೀರ್ ಅನ್ನ ಮಾರಿ, ಎಲೆಗಳ ಆಚೆಗೆ ಕಂಪನಿಗೊಂದು ಜೀವನೋಪಾಯವನ್ನು ಹುಡುಕುತ್ತಿದ್ದನು, ಯಾವುದೂ ಕೈಹಿಡಿದಿರಲಿಲ್ಲ. ೧೯೬೬ರಲ್ಲಿ ಅಲ್ಟ್ರಾ ಹ್ಯಾಂಡ್ ಎಂಬ ಹೆಸರಿನಿಂದ ಹೊರಬಂದ ಆ ಚಾಚುಗೈಯು ಹತ್ತು ಲಕ್ಷಕ್ಕೂ ಹೆಚ್ಚು ಮಾರಾಟವಾಯಿತು. ಯಂತ್ರಗಳ ಕಾವಲುಗಾರನು ಆಟಿಕೆಗಳ ನಿರ್ಮಾಪಕನಾದನು.

ಅಲ್ಲಿಂದ ಮುಂದೆ ಆತನು ಮಾಡಿದ ಆಟಿಕೆಗಳಲ್ಲಿ ಎರಡನ್ನು ಮಾತ್ರ ಹೇಳುತ್ತೇನೆ. ೧೯೬೯ರಲ್ಲಿ ಲವ್ ಟೆಸ್ಟರ್ ಎಂಬುದು ಬಂದಿತು. ಹುಡುಗ ಹುಡುಗಿಯರಿಬ್ಬರು ಪರಸ್ಪರ ಕೈಹಿಡಿದು, ಉಳಿದೆರಡು ಕೈಗಳಲ್ಲಿ ಯಂತ್ರದ ಗುಂಡುಗಳನ್ನು ಹಿಡಿದರೆ, ಅವರ ಪ್ರೇಮವು ಎಷ್ಟೆಂಬುದನ್ನು ಮುಳ್ಳೊಂದು ತೋರಿಸುವುದು. ಅದರೊಳಗಿದ್ದುದು ವಿದ್ಯುತ್ ಶಾಸ್ತ್ರದ ಪ್ರತಿಯೊಬ್ಬ ವಿದ್ಯಾರ್ಥಿಯೂ ಪ್ರಯೋಗಶಾಲೆಯಲ್ಲಿ ನೋಡಿರುವ ಸಾಮಾನ್ಯ ವಿದ್ಯುನ್ಮಾಪಕ. ಅದು ಪ್ರೇಮವನ್ನು ಅಳೆಯಲಿಲ್ಲವೆಂಬುದು ನಿಜ. ಕೈಹಿಡಿಯುವುದಕ್ಕೆ ಒಂದು ನೆವವನ್ನಂತೂ ಕೊಟ್ಟಿತು. ೧೯೭೨ರಲ್ಲಿ ಲೆಫ್ಟಿ ಆರ್‌ಎಕ್ಸ್ ಎಂಬ ಆಟದ ಕಾರು ಬಂದಿತು. ದೂರದಿಂದ ರೇಡಿಯೋ ಅಲೆಗಳ ಮೂಲಕ ನಡೆಸುವ ಕಾರುಗಳು ಆಗ ದುಬಾರಿಯಾಗಿದ್ದುವು. ಯೊಕೊಯಿ ಎಲ್ಲ ಚಲನೆಗಳನ್ನೂ ಕಿತ್ತುಹಾಕಿ, ನೇರವಾಗಿ ಹೋಗುವ ಮತ್ತು ಎಡಕ್ಕೆ ಮಾತ್ರ ತಿರುಗುವ ಕಾರನ್ನು ಮಾಡಿದನು. ಸುತ್ತು ಪಂದ್ಯದಲ್ಲಿ ಎಡಕ್ಕೆ ತಿರುಗುವುದಕ್ಕಿಂತ ಹೆಚ್ಚಿನದು ಏನು ಬೇಕು? ಬೆಲೆಯು ಇಳಿಯಿತು, ಹುಡುಗರ ಕೈಗೆ ಕಾರು ಎಟುಕಿತು.

ಈ ಎರಡು ಆಟಿಕೆಗಳಲ್ಲಿ ಆತನ ಬಾಳಿನ ಸೂತ್ರವೆಲ್ಲ ಅಡಗಿದೆಯೆಂದು ನನಗೆ ತೋರುತ್ತದೆ. ಹೊಸದಾಗಿ ಬಂದ, ಬೆರಗುಗೊಳಿಸುವ, ಬೆಲೆಯುಳ್ಳ ತಂತ್ರವಿದ್ಯೆಯ ಬೆನ್ನು ಹತ್ತಬಾರದು. ಎಲ್ಲರೂ ಬಳಸಿ ಬಳಸಿ ಅಗ್ಗವಾದ, ಗುಣದೋಷಗಳೆಲ್ಲ ತಿಳಿದಿರುವ ಸಾಮಗ್ರಿಯನ್ನು ತೆಗೆದುಕೊಂಡು, ಅದನ್ನು ಯಾರೂ ಯೋಚಿಸದ ಕಡೆಗೆ ತಿರುಗಿಸಬೇಕು. ಇದು ಆತನ ನಿಲುವು. ಇಂಥ ತಂತ್ರವಿದ್ಯೆಗೆ ಆತನು ಬಳಸುತ್ತಿದ್ದ ಜಪಾನೀ ಮಾತಿಗೆ ಬಾಡಿದ್ದು ಎಂಬ ಅರ್ಥವೂ ಇದೆ, ಮಾಗಿದ್ದು ಎಂಬ ಧ್ವನಿಯೂ ಇದೆ. ನಮ್ಮ ಬಡಗಿಗಳಿಗೆ ಇದನ್ನು ವಿವರಿಸಬೇಕಾಗಿಲ್ಲ. ಹಸಿ ಮರದಲ್ಲಿ ಮಾಡಿದ ಬಾಗಿಲು ಮಳೆಗಾಲಕ್ಕೆ ಒಂದು ಆಕಾರ, ಬೇಸಗೆಗೆ ಒಂದು ಆಕಾರ ತಾಳುತ್ತದೆ; ಒಣಗಿ ಹದಗೊಂಡ ಮರವೇ ಮನೆಗೆ ಲೇಸು. ಹಾಸಿಗೆ ಇದ್ದಷ್ಟು ಕಾಲು ಚಾಚಬೇಕೆಂಬ ಗಾದೆಯನ್ನು ನಾವು ಜಿಪುಣತನಕ್ಕೆ ಸಮರ್ಥನೆಯಾಗಿ ಬಳಸುವುದುಂಟು. ಆ ಗಾದೆಯಿಂದ ಕಲ್ಪಕತೆಯನ್ನೂ ಹೊರಡಿಸಬಹುದೆಂದು ಯೊಕೊಯಿ ತೋರಿಸಿಕೊಟ್ಟನು.

ಎಲ್ಲ ಕಾಲವೂ ಗೆಲವಿನದಾಗಿರಲಿಲ್ಲ. ಶಾರ್ಪ್ ಕಂಪನಿಯಿಂದ ಬಂದು ನಿಂಟೆಂಡೋವನ್ನು ಸೇರಿದ ಮಾಸಾಯುಕಿ ಉಎಮುರಾನೊಡನೆ ಆತನು ಬೆಳಕಿನ ಬಂದೂಕಗಳನ್ನು ನಿರ್ಮಿಸಿದ್ದನು. ಬಂದೂಕದಿಂದ ಹೊರಟ ಬೆಳಕು ಗುರಿಯಲ್ಲಿರಿಸಿದ ಸೌರಕೋಶಕ್ಕೆ ತಾಗಿದರೆ ಗುರಿಯು ಸಿಡಿಯುವುದು. ಅದೇ ಉಪಾಯವನ್ನು ದೊಡ್ಡದಾಗಿಸಿ, ಆಡುವವರಿಲ್ಲದೆ ಬರಿದಾಗಿದ್ದ ಬೌಲಿಂಗ್ ಮನೆಗಳಲ್ಲಿ ೧೯೭೩ರಲ್ಲಿ ಬೆಳಕಿನ ಬೇಟೆಯ ಅಂಗಳಗಳನ್ನು ಕಂಪನಿಯು ತೆರೆಯಿತು. ಆದರೆ ಅದೇ ವರ್ಷ ತೈಲದ ಬಿಕ್ಕಟ್ಟು ಬಂದು ಜಪಾನಿನ ಜನರು ವಿನೋದದ ಖರ್ಚನ್ನು ನಿಲ್ಲಿಸಿಬಿಟ್ಟರು. ಒಪ್ಪಂದಗಳು ರದ್ದಾದುವು, ಕಂಪನಿಯ ಮೇಲೆ ದೊಡ್ಡ ಸಾಲದ ಹೊರೆ ಬಿದ್ದಿತು.

ಆ ಹೊರೆಯನ್ನು ಇಳಿಸಲು ನೆರವಾದ ಯೋಚನೆ ಆತನಿಗೆ ಬಂದದ್ದು ರೈಲಿನಲ್ಲಿ. ಶಿಂಕಾನ್‌ಸೆನ್ ಎಂಬ ವೇಗದ ಗಾಡಿಯಲ್ಲಿ ಪ್ರಯಾಣ ಮಾಡುತ್ತಿರುವಾಗ, ಬೇಸರಗೊಂಡಿದ್ದ ಉದ್ಯೋಗಸ್ಥನೊಬ್ಬನು ತನ್ನ ಲೆಕ್ಕದ ಯಂತ್ರದ ಗುಂಡಿಗಳನ್ನು ಸುಮ್ಮನೆ ಒತ್ತುತ್ತ ಕಾಲ ಕಳೆಯುತ್ತಿದ್ದುದನ್ನು ಯೊಕೊಯಿ ಕಂಡನು. ದೊಡ್ಡವರು ಕೂಡ ಯಾರ ಕಣ್ಣಿಗೂ ಬೀಳದಂತೆ ಮಡಿಲಲ್ಲಿಟ್ಟುಕೊಂಡು ಆಡಬಹುದಾದ ಚಿಕ್ಕ ಆಟವೊಂದು ಏಕಿರಬಾರದು? ಅಧ್ಯಕ್ಷನ ಕಾರಿನ ಚಾಲಕನು ಬಾರದಿದ್ದ ಒಂದು ದಿನ ತಾನೇ ಕಾರು ನಡೆಸಬೇಕಾಗಿ ಬಂದಾಗ, ದಾರಿಯ ಬೇಸರ ಕಳೆಯಲು ಯೊಕೊಯಿ ಈ ಸಂಗತಿಯನ್ನು ಹೇಳಿದನು. ಯಾಮಾಉಚಿಯು ಹೆಚ್ಚು ಗಮನವಿಟ್ಟು ಕೇಳಿದಂತೆ ಕಾಣಲಿಲ್ಲ. ಆದರೆ ಅಂದು ಆತನು ಹೊರಟಿದ್ದುದು ಶಾರ್ಪ್ ಕಂಪನಿಯ ಮುಖ್ಯಸ್ಥನಿದ್ದ ಸಭೆಗೆ. ಶಾರ್ಪ್ ಮತ್ತು ಕ್ಯಾಸಿಯೋ ಕಂಪನಿಗಳು ವರ್ಷಗಳ ಕಾಲ ಪೈಪೋಟಿಗೆ ಬಿದ್ದು ಲೆಕ್ಕದ ಯಂತ್ರಗಳನ್ನು ತಯಾರಿಸಿದ್ದುದರಿಂದ ಅದರ ದ್ರವಸ್ಫಟಿಕದ ಪರದೆ, ಚಿಪ್ಪು ಎಲ್ಲವೂ ಬಹಳ ಅಗ್ಗವಾಗಿದ್ದುವು. ಬಾಡಿದ ತಂತ್ರವಿದ್ಯೆಯು ರಾಶಿಯಾಗಿ ಬಿದ್ದಿತ್ತು. ಅದನ್ನು ಬೇರೆ ಕಡೆಗೆ ತಿರುಗಿಸುವವನು ಬೇಕಾಗಿತ್ತು. ೧೯೮೦ರ ಏಪ್ರಿಲಿನಲ್ಲಿ ಗೇಮ್ ಅಂಡ್ ವಾಚ್ ಹೊರಬಂದಿತು: ಒಂದು ಯಂತ್ರಕ್ಕೆ ಒಂದೇ ಆಟ, ಜೊತೆಗೆ ಸಮಯ ತೋರಿಸುವ ಗಡಿಯಾರ. ಮುಂದಿನ ಹನ್ನೊಂದು ವರ್ಷಗಳಲ್ಲಿ ಇವು ನಾಲ್ಕು ಕೋಟಿಗೂ ಹೆಚ್ಚು ಮಾರಾಟವಾದುವು.

ಈ ಸಾಲಿನಲ್ಲಿ ೧೯೮೨ರಲ್ಲಿ ಬಂದ ಡಾಂಕಿ ಕಾಂಗ್ ಎಂಬ ಯಂತ್ರವನ್ನು ವಿಶೇಷವಾಗಿ ನೆನೆಯಬೇಕು. ಅಂಗಡಿಗಳಲ್ಲಿಡುವ ದೊಡ್ಡ ಆಟದ ಪೆಟ್ಟಿಗೆಗಳಿಗೆ ದಿಕ್ಕು ತೋರಿಸಲು ಒಂದು ಕೋಲು ಇರುತ್ತಿತ್ತು. ಪುಸ್ತಕದಂತೆ ಮಡಿಚುವ ಯಂತ್ರದಲ್ಲಿ ಕೋಲಿಗೆಲ್ಲಿಯ ಸ್ಥಳ? ನಾಲ್ಕು ದಿಕ್ಕಿಗೆ ನಾಲ್ಕು ಬಿಡಿ ಗುಂಡಿಗಳನ್ನಿಟ್ಟರೆ ಆಟಗಾರನು ಬೆರಳನ್ನು ನೋಡಲು ಪರದೆಯಿಂದ ಕಣ್ಣು ತೆಗೆಯಬೇಕಾಗುತ್ತದೆ. ಯೊಕೊಯಿ ನಾಲ್ಕನ್ನೂ ಕೂಡಿಸಿ ಒಂದು ಶಿಲುಬೆಯ ಆಕಾರದ ಗುಂಡಿಯನ್ನು ಮಾಡಿದನು. ಹೆಬ್ಬೆರಳು ಅದರ ನಡುವೆ ಕುಳಿತು, ಯಾವ ಕಡೆಗೆ ವಾಲಿದರೆ ಆ ದಿಕ್ಕನ್ನು ತಾನೇ ಅರಿಯುವುದು. ಕಣ್ಣಿನ ಹಂಗು ಬೇಡ. ಮರುವರ್ಷ ಬಂದ ಫ್ಯಾಮಿಕಾಮ್ ಎಂಬ ಮನೆಯ ಯಂತ್ರವು ಈ ಗುಂಡಿಯನ್ನು ಸ್ವೀಕರಿಸಿತು. ಅಲ್ಲಿಂದ ಮುಂದೆ ಅದನ್ನೋ ಅದರ ರೂಪಾಂತರವನ್ನೋ ಬಳಸದ ಕಂಪನಿ ಇಲ್ಲವೆಂದರೂ ಸಲ್ಲುತ್ತದೆ. ದಿನವೂ ಮುಟ್ಟುವ ವಸ್ತುವನ್ನು ಯಾರೋ ಒಬ್ಬನು ಕುಳಿತು ಯೋಚಿಸಿ ಮಾಡಿದನೆಂಬ ಅರಿವು ನಮಗೆ ಬಾರದಿರುವುದೇ ಅದನ್ನು ಮಾಡಿದವನ ಗೆಲವು.

ತನ್ನ ಕೆಲಸದ ಜೊತೆಗೆ ಕಿರಿಯರನ್ನು ಬೆಳೆಸುವ ಹೊಣೆಯನ್ನೂ ಆತನು ಹೊತ್ತಿದ್ದನು. ಅಮೆರಿಕದಲ್ಲಿ ಮಾರಾಟವಾಗದೆ ಉಳಿದ ಆಟದ ಪೆಟ್ಟಿಗೆಗಳಿಗೆ ಹೊಸ ಆಟವೊಂದನ್ನು ತುಂಬಬೇಕಾಗಿ ಬಂದಾಗ, ಶಿಗೆರು ಮಿಯಾಮೊಟೊ ಎಂಬ ಯುವ ಕಲಾವಿದನಿಗೆ ಆ ಕೆಲಸ ಬಿದ್ದಿತು. ಅವನ ಮೇಲೆ ಕಣ್ಣಿಡುವ ಕೆಲಸ ಯೊಕೊಯಿಗೆ. ೧೯೮೧ರ ಡಾಂಕಿ ಕಾಂಗ್ ಆಟವೂ, ಅದರೊಳಗಿಂದ ನಡೆದುಬಂದ ಮಾರಿಯೋ ಎಂಬ ಮೀಸೆಯ ಮನುಷ್ಯನೂ ಹೀಗೆ ಜನ್ಮತಾಳಿದರು. ಮಿಯಾಮೊಟೊನ ಹೆಸರು ಲೋಕವಿಖ್ಯಾತವಾಯಿತು. ಯೊಕೊಯಿ ಮೊದಲನೆಯ ಸಂಶೋಧನ ವಿಭಾಗದ ಮುಖ್ಯಸ್ಥನಾಗಿ ತನ್ನ ಪಾಡಿಗೆ ತಾನು ಕೆಲಸ ಮಾಡುತ್ತಿದ್ದನು.

ಆ ವಿಭಾಗದಿಂದ ೧೯೮೯ರ ಏಪ್ರಿಲ್ ೨೧ರಂದು ಗೇಮ್ ಬಾಯ್ ಹೊರಬಂದಿತು. ಇದರಲ್ಲಿ ಆತನ ಸಹೋದ್ಯೋಗಿ ಸಾತೊರು ಒಕಾಡಾನ ಪಾಲೂ ದೊಡ್ಡದೆಂಬುದನ್ನು ಮರೆಯಬಾರದು. ಗೇಮ್ ಬಾಯ್ ನೋಡಲು ಸುಂದರವಾದ ಯಂತ್ರವಲ್ಲ. ಅದರ ಪರದೆಗೆ ಬಣ್ಣವಿಲ್ಲ. ಹಸಿರು ಛಾಯೆಯ ಹಿನ್ನೆಲೆಯಲ್ಲಿ ನಾಲ್ಕು ಹಂತದ ಕಪ್ಪು ಮಾತ್ರ. ಅಗಲಕ್ಕೆ ೧೬೦, ಎತ್ತರಕ್ಕೆ ೧೪೪ ಬಿಂದುಗಳು. ಹಿಂದಿನಿಂದ ಬೆಳಕಿಲ್ಲ, ದೀಪದ ಹತ್ತಿರ ಕುಳಿತು ಆಡಬೇಕು. ಅದೇ ವರ್ಷ ಅಟಾರಿ ಕಂಪನಿಯ ಲಿಂಕ್ಸ್, ಮರುವರ್ಷ ಸೆಗಾ ಕಂಪನಿಯ ಗೇಮ್ ಗೇರ್ ಬಣ್ಣಬಣ್ಣದ ಬೆಳಗುವ ಪರದೆಗಳೊಡನೆ ಬಂದುವು. ಪಕ್ಕದಲ್ಲಿಟ್ಟು ನೋಡಿದವನು ಗೇಮ್ ಬಾಯ್ ಸೋತಿತೆಂದೇ ತೀರ್ಮಾನಿಸಬೇಕು. ಆದರೆ ಆ ಎರಡು ಯಂತ್ರಗಳೂ ಆರಾರು ಬ್ಯಾಟರಿಗಳನ್ನು ನುಂಗಿ ಐದು ಗಂಟೆಯೊಳಗೆ ಬಾಯ್ಬಿಡುತ್ತಿದ್ದುವು. ಗೇಮ್ ಬಾಯ್ ನಾಲ್ಕು ಬ್ಯಾಟರಿಗಳಲ್ಲಿ ಹತ್ತು ಗಂಟೆಗೂ ಮೀರಿ ನಡೆಯುತ್ತಿತ್ತು. ಅಮೆರಿಕದಲ್ಲಿ ಲಿಂಕ್ಸಿನ ಬೆಲೆ ಸುಮಾರು ೧೮೦ ಡಾಲರು. ಗೇಮ್ ಬಾಯಿನದು ಅದರ ಅರ್ಧ. ಮಕ್ಕಳ ಕೈಯಿಂದ ಬಿದ್ದರೂ ಅದು ಸುಲಭವಾಗಿ ಒಡೆಯುತ್ತಿರಲಿಲ್ಲ. ಅದೂ ಅದರ ನಂತರದ ಬಣ್ಣದ ರೂಪವೂ ಕೂಡಿ ೧೧ ಕೋಟಿ ೮೦ ಲಕ್ಷಕ್ಕೂ ಹೆಚ್ಚು ಮಾರಾಟವಾದುವು.

ಪಾತ್ರಧಾರಣೆಯ ಆಟಗಳಿಗೂ ಆತನ ಮಿತವ್ಯಯಕ್ಕೂ ಇರುವ ನಂಟು ಇಲ್ಲಿದೆ. ಇಂಥ ಆಟಕ್ಕೆ ಬೇಕಾದ ಮುಖ್ಯ ಸಾಮಗ್ರಿ ಬಣ್ಣವಲ್ಲ, ಕಾಲ. ಐದು ಗಂಟೆಯಲ್ಲಿ ಉಸಿರು ನಿಲ್ಲಿಸುವ ಯಂತ್ರದ ಮೇಲೆ ಮೂವತ್ತು ಗಂಟೆಯ ಪಯಣಕ್ಕೆ ಹೊರಡುವವರಾರು? ೧೯೮೯ರ ಡಿಸೆಂಬರಿನಲ್ಲಿಯೇ ಸ್ಕ್ವೇರ್ ಕಂಪನಿಯ ಅಕಿತೋಶಿ ಕವಾಜು ಎಂಬಾತನು ಗೇಮ್ ಬಾಯಿಗಾಗಿ ಸಾಗಾ ಸರಣಿಯ ಮೊದಲ ಆಟವನ್ನು ರಚಿಸಿದನು. ಜಪಾನಿನ ಹೊರಗೆ ಅದಕ್ಕೆ ಫೈನಲ್ ಫ್ಯಾಂಟಸಿ ಲೆಜೆಂಡ್ ಎಂದು ಹೆಸರಾಯಿತು. ಆಟಗಾರನು ಲೋಕಲೋಕಗಳನ್ನು ಹೆಣೆದ ಒಂದು ಗೋಪುರವನ್ನು ಏರಬೇಕು. ದಾರಿಯಲ್ಲಿ ಎಲ್ಲಿ ಬೇಕಾದರೂ ನಿಂತು, ಅಲ್ಲಿಯವರೆಗಿನ ಗಳಿಕೆಯನ್ನು ಬರೆದಿಟ್ಟು, ನಾಳೆ ಅಲ್ಲಿಂದಲೇ ಮುಂದುವರಿಯಬಹುದು. ಶಾಲೆಗೆ ಹೋಗುವ ಹುಡುಗನ ಬಸ್ಸಿನ ಪ್ರಯಾಣಕ್ಕೂ, ಅವನ ಹಾಸಿಗೆಯ ಪಕ್ಕದ ದೀಪಕ್ಕೂ ಹೊಂದುವ ಆಟ ಅದು. ಇಂಥ ಆಟದ ಕಾರ್ಟ್ರಿಜಿನಲ್ಲಿ ಒಂದು ಪುಟ್ಟ ನಾಣ್ಯದಂಥ ಬ್ಯಾಟರಿಯಿದ್ದು, ಯಂತ್ರವು ಆರಿದ ಮೇಲೂ ಆಟಗಾರನ ನೆನಪನ್ನು ಕಾಯುತ್ತಿತ್ತು.

ಯಂತ್ರದ ಬದಿಯಲ್ಲಿ ಯೊಕೊಯಿ ಇನ್ನೊಂದು ಚಿಕ್ಕ ರಂಧ್ರವನ್ನು ಇರಿಸಿದ್ದನು. ಒಂದು ತಂತಿಯಿಂದ ಎರಡು ಯಂತ್ರಗಳನ್ನು ಜೋಡಿಸುವುದಕ್ಕೆಂದು ಮಾಡಿದುದು ಅದು. ಮೊದಮೊದಲು ಇಬ್ಬರು ಎದುರಾಳಿಗಳಾಗಿ ಟೆಟ್ರಿಸ್ ಮುಂತಾದ ಆಟಗಳನ್ನಾಡಲು ಅದು ನೆರವಾಯಿತು. ಬಾಲ್ಯದಲ್ಲಿ ಹುಳುಗಳನ್ನು ಹಿಡಿದು ಕೂಡಿಡುತ್ತಿದ್ದ ಸತೋಶಿ ತಜಿರಿ ಎಂಬ ಯುವಕನಿಗೆ ಆ ತಂತಿಯನ್ನು ಕಂಡಾಗ ಅದರ ಮೇಲೆ ಹುಳುವೊಂದು ಈ ಯಂತ್ರದಿಂದ ಆ ಯಂತ್ರಕ್ಕೆ ಹರಿದುಹೋಗುವ ಚಿತ್ರ ಹೊಳೆಯಿತು. ಹಲವು ವರ್ಷಗಳ ಪಾಡುಪಟ್ಟು ಆತನ ತಂಡವು ಪೋಕೆಮಾನ್ ಸರಣಿಯ ಕೆಂಪು, ಹಸಿರು ಎಂಬ ಎರಡು ಆಟಗಳನ್ನು ೧೯೯೬ರ ಫೆಬ್ರುವರಿ ೨೭ರಂದು ಹೊರತಂದಿತು. ಗೇಮ್ ಬಾಯಿನ ಕಾಲ ಮುಗಿಯಿತೆಂದು ಜನ ಭಾವಿಸಿದ್ದ ಹೊತ್ತು ಅದು. ಆಟವು ಹಳೆಯ ಯಂತ್ರಕ್ಕೆ ಹೊಸ ಆಯುಷ್ಯವನ್ನು ತಂದಿತು.

ಸಾಧನೆಗಳ ಬೇಟೆಗಾರರು ಈ ಆಟವನ್ನು ವಿಶೇಷವಾಗಿ ಗಮನಿಸಬೇಕು. ಸಾಧನೆಯೆಂಬ ಪದಕಗಳು ಹುಟ್ಟುವುದಕ್ಕೆ ಒಂಬತ್ತು ವರ್ಷ ಮೊದಲೇ ಅದರ ಬೀಜ ಇಲ್ಲಿದೆ. ಎಂಟು ಊರುಗಳ ಗುರುಗಳನ್ನು ಗೆದ್ದು ಎಂಟು ಪದಕಗಳನ್ನು ಪಡೆಯಬೇಕು. ನೂರೈವತ್ತು ಬಗೆಯ ಪ್ರಾಣಿಗಳನ್ನು ಹಿಡಿದು ಪಟ್ಟಿಯನ್ನು ಪೂರ್ಣಗೊಳಿಸಿದವನಿಗೆ ಒಂದು ಪ್ರಶಸ್ತಿಪತ್ರವೂ ಉಂಟು. ಆದರೆ ಕೆಂಪು ಆಟದಲ್ಲಿ ಸಿಗುವ ಕೆಲವು ಪ್ರಾಣಿಗಳು ಹಸಿರಿನಲ್ಲಿ ಸಿಗವು, ಹಸಿರಿನವು ಕೆಂಪಿನಲ್ಲಿಲ್ಲ. ಇನ್ನು ನಾಲ್ಕು ಪ್ರಾಣಿಗಳಂತೂ ತಂತಿಯ ಮೂಲಕ ಮತ್ತೊಬ್ಬರ ಕೈಸೇರಿದ ಹೊರತು ತಮ್ಮ ಪೂರ್ಣರೂಪವನ್ನು ತಾಳುವುದಿಲ್ಲ. ಎಂದರೆ ಆಟಗಾರನು ಎಷ್ಟೇ ಜಾಣನಾಗಿರಲಿ, ಎಷ್ಟೇ ಗಂಟೆಗಳನ್ನು ಸುರಿಯಲಿ, ಒಬ್ಬಂಟಿಗನಾಗಿ ಆ ಪ್ರಶಸ್ತಿಪತ್ರವನ್ನು ಮುಟ್ಟಲಾರನು. ಒಬ್ಬ ಗೆಳೆಯನನ್ನು ಹುಡುಕಿ, ಅವನ ಪಕ್ಕದಲ್ಲಿ ತಂತಿಯಷ್ಟೇ ದೂರದಲ್ಲಿ ಕುಳಿತು, ತನಗೆ ಪ್ರಿಯವಾದುದನ್ನು ಕೊಟ್ಟು ಅವನದನ್ನು ಪಡೆಯಬೇಕು. ಈ ನಿಯಮವನ್ನು ಕಟ್ಟಿದವನು ತಜಿರಿ. ಅದಕ್ಕೆ ದಾರಿಯನ್ನು ಏಳು ವರ್ಷ ಮೊದಲೇ ತೆರೆದಿಟ್ಟವನು ಯೊಕೊಯಿ. ಲವ್ ಟೆಸ್ಟರಿನಲ್ಲಿ ಇಬ್ಬರ ಕೈಗಳನ್ನು ಕೂಡಿಸಿದವನೇ ಇಲ್ಲಿಯೂ ಇಬ್ಬರನ್ನು ಕೂಡಿಸಿದನೆಂದು ನೆನೆದಾಗ ನನಗೆ ಒಂದು ಬಗೆಯ ಸಂತೋಷವಾಗುತ್ತದೆ.

ಆದರೆ ಆ ಸಂತೋಷದ ಹೊತ್ತಿಗೆ ಆತನ ಪಾಲಿಗೆ ನೆರಳು ಕವಿದಿತ್ತು. ೧೯೯೫ರ ಜುಲೈ ೨೧ರಂದು ಆತನ ಮೇಲ್ವಿಚಾರಣೆಯಲ್ಲಿ ತಯಾರಾದ ವರ್ಚುವಲ್ ಬಾಯ್ ಬಂದಿತ್ತು. ಕಣ್ಣಿಗೆ ಆನಿಸಿಕೊಂಡು ನೋಡಿದರೆ ಚಿತ್ರಗಳು ಆಳವುಳ್ಳವಾಗಿ ಕಾಣುವ ಯಂತ್ರ. ಇಲ್ಲಿಯೂ ಆತನು ಅಗ್ಗದ ಸಾಮಗ್ರಿಯನ್ನೇ ಆರಿಸಿದನು: ಕೆಂಪು ಬೆಳಕಿನ ಡಯೋಡುಗಳು. ಇತರ ಬಣ್ಣಗಳು ಆಗ ಬಹಳ ದುಬಾರಿ. ಹೀಗಾಗಿ ಇಡೀ ಲೋಕವೇ ಕತ್ತಲೆಯಲ್ಲಿ ಕೆಂಪಾಗಿ ಕಂಡಿತು. ತಲೆಗೆ ತೊಡುವಂತಿರಬೇಕಾಗಿದ್ದ ಯಂತ್ರವು ಮೇಜಿನ ಮೇಲೆ ಕಾಲೂರಿ ನಿಂತಿತು. ಆಡುವವರು ಬೆನ್ನು ಬಗ್ಗಿಸಬೇಕಾಯಿತು. ಕಣ್ಣು ನೋವು, ತಲೆನೋವುಗಳ ದೂರು ಬಂದುವು. ಎಲ್ಲ ಸೇರಿ ಇಪ್ಪತ್ತೆರಡೇ ಆಟಗಳು ಹೊರಬಂದು, ೭ ಲಕ್ಷ ೭೦ ಸಾವಿರದಷ್ಟು ಯಂತ್ರಗಳು ಮಾರಾಟವಾಗಿ, ಒಂದು ವರ್ಷ ತುಂಬುವುದರೊಳಗೆ ಅದರ ಕಥೆ ಮುಗಿಯಿತು. ಹಳೆಯ ಸಾಮಗ್ರಿಯನ್ನು ಹೊಸ ದಾರಿಗೆ ತಿರುಗಿಸುವ ಸೂತ್ರವೂ ಗೆಲವಿನ ಮಂತ್ರವಲ್ಲವೆಂಬ ಪಾಠ ಇಲ್ಲಿದೆ. ಗೇಮ್ ಬಾಯಿನಲ್ಲಿ ಬಣ್ಣವನ್ನು ಬಿಟ್ಟುದರಿಂದ ಆಟಗಾರನಿಗೆ ಕಾಲ ದೊರೆಯಿತು. ವರ್ಚುವಲ್ ಬಾಯಿನಲ್ಲಿ ಬಣ್ಣವನ್ನು ಬಿಟ್ಟುದರಿಂದ ಅವನಿಗೆ ಏನೂ ದೊರೆಯಲಿಲ್ಲ. ತ್ಯಾಗವು ಯಾರಿಗಾಗಿ ಎಂಬುದರ ಮೇಲೆ ಅದರ ಫಲ ನಿಂತಿದೆ.

೧೯೯೬ರ ಜುಲೈಯಲ್ಲಿ ಹೆಚ್ಚು ಚಿಕ್ಕದಾದ ಗೇಮ್ ಬಾಯ್ ಪಾಕೆಟ್ ಎಂಬ ಯಂತ್ರವು ಮಾರುಕಟ್ಟೆಗೆ ಬಂದಿತು. ಆಗಸ್ಟ್ ೧೫ರಂದು, ಮೂವತ್ತೊಂದು ವರ್ಷಗಳ ದುಡಿಮೆಯ ಅನಂತರ, ಯೊಕೊಯಿ ನಿಂಟೆಂಡೋವನ್ನು ಬಿಟ್ಟನು. ಸೋಲಿನ ಶಿಕ್ಷೆಯಾಗಿ ಆತನನ್ನು ಹೊರದೂಡಿದರೆಂದು ಲೋಕ ಆಡಿಕೊಂಡಿತು. ಐವತ್ತರ ಸುಮಾರಿಗೆ ಸ್ವತಂತ್ರನಾಗಬೇಕೆಂದು ತಾನು ಮೊದಲೇ ಎಣಿಸಿದ್ದೆನೆಂಬುದು ಆತನು ತಾನಾಗಿ ಕೊಟ್ಟ ವಿವರಣೆ. ಆ ಮಾತನ್ನು ಸಂದೇಹಿಸಲು ನನಗೆ ಕಾರಣ ಕಾಣುವುದಿಲ್ಲ. ಕ್ಯೋಟೋದಲ್ಲಿ ಕೋಟೋ ಎಂಬ ಚಿಕ್ಕ ಕಂಪನಿಯನ್ನು ಕಟ್ಟಿ, ಬಂದಾಯ್ ಕಂಪನಿಗಾಗಿ ಕೈಯಲ್ಲಿ ಹಿಡಿದಾಡುವ ಹೊಸ ಯಂತ್ರವೊಂದರ ನಿರ್ಮಾಣಕ್ಕೆ ತೊಡಗಿದನು. ಈ ಸಲ ನಾಲ್ಕು ಬ್ಯಾಟರಿಗಳೂ ಬೇಡವಾದುವು. ಒಂದೇ ಬ್ಯಾಟರಿ ಸಾಕು.

ಅದು ಮುಗಿದುದನ್ನು ಆತನು ಕಾಣಲಿಲ್ಲ. ೧೯೯೭ರ ಅಕ್ಟೋಬರ್ ೪ರಂದು ಇಶಿಕಾವಾ ಪ್ರಾಂತದಲ್ಲಿ ಹೊಕುರಿಕು ಹೆದ್ದಾರಿಯ ಮೇಲೆ ಆತನಿದ್ದ ಕಾರು ಮುಂದಿನ ಟ್ರಕ್ಕಿಗೆ ತಾಗಿತು. ಏನಾಯಿತೆಂದು ನೋಡಲು ಯೊಕೊಯಿ ಕೆಳಗಿಳಿದನು. ಹಿಂದಿನಿಂದ ಬಂದ ಮತ್ತೊಂದು ಕಾರು ಆತನಿಗೆ ಬಡಿಯಿತು. ಆಗ ಆತನ ವಯಸ್ಸು ಐವತ್ತಾರು. ಪೋಕೆಮಾನ್ ಜಪಾನಿನ ಗಡಿ ದಾಟಿ ಅಮೆರಿಕವನ್ನು ಮುಟ್ಟಲು ಇನ್ನೂ ಒಂದು ವರ್ಷವಿತ್ತು.

ಆತನು ಆರಂಭಿಸಿದ ಯಂತ್ರವು ವಂಡರ್‌ಸ್ವಾನ್ ಎಂಬ ಹೆಸರಿನಿಂದ ೧೯೯೯ರ ಮಾರ್ಚಿಯಲ್ಲಿ ೪,೮೦೦ ಯೆನ್ ಬೆಲೆಗೆ ಹೊರಬಂದಿತು. ಅದರ ಜೊತೆಗೆ ಬಂದ ಒಗಟಿನ ಆಟವೊಂದಕ್ಕೆ ಆತನ ನೆನಪಿಗಾಗಿ ಗನ್‌ಪೇ ಎಂದು ಹೆಸರಿಟ್ಟರು. ೨೦೦೦ದಲ್ಲಿ ಅದರ ಬಣ್ಣದ ರೂಪ ಬಂದಾಗ ಫೈನಲ್ ಫ್ಯಾಂಟಸಿ ಸರಣಿಯ ಮೊದಲ ಆಟವು ಹೊಸ ಉಡುಪಿನಲ್ಲಿ ಅದರ ಮೇಲೆ ಕಾಣಿಸಿಕೊಂಡಿತು. ೨೦೦೩ರಲ್ಲಿ ಆಟ ನಿರ್ಮಾಪಕರ ಅಂತರರಾಷ್ಟ್ರೀಯ ಸಂಘವು ಆತನಿಗೆ ಮರಣೋತ್ತರವಾಗಿ ಜೀವಮಾನದ ಸಾಧನೆಯ ಪ್ರಶಸ್ತಿಯನ್ನು ನೀಡಿತು. ಆತನ ಹೆಸರಿನ ಎದುರಿಗೂ ಹೀಗೆ ಒಂದು ಪದಕ ಬರೆದಂತಾಯಿತು, ಪಡೆಯುವವನು ಇರಲಿಲ್ಲ.

ಆತನ ಬಾಳನ್ನು ಪಟ್ಟಿಯಾಗಿ ಬರೆದರೆ ಗೆಲವುಗಳು ಇಷ್ಟು, ಸೋಲುಗಳು ಇಷ್ಟು ಎಂದು ಎಣಿಸಬಹುದು. ಕೊನೆಯ ಸಾಲಿನಲ್ಲಿ ಸೋಲು ಬಂದುದರಿಂದ ಬಹುಕಾಲ ಅದನ್ನೇ ಎತ್ತಿ ಆಡಿದವರೂ ಉಂಟು. ಆದರೆ ಎಣಿಕೆಗೆ ಸಿಗದ ಲೆಕ್ಕವೊಂದಿದೆ. ಆತನು ಮಾಡಿದ ಪೆಟ್ಟಿಗೆಯಲ್ಲಿ ಎಷ್ಟು ಮಂದಿ ಎಷ್ಟು ಗಂಟೆಗಳನ್ನು ತಾಳ್ಮೆಯಿಂದ ಕಳೆದು ಏನನ್ನು ಗಳಿಸಿದರೆಂಬುದು ಯಾವ ದಾಖಲೆಯಲ್ಲಿಯೂ ಇಲ್ಲ. ಇದ್ದ ದಾಖಲೆಗಳೂ ಅಳಿಯುತ್ತಿವೆ. ಬೇರೊಬ್ಬರು ಆಡಿ ಬಿಟ್ಟ ಪೋಕೆಮಾನ್ ಕಾರ್ಟ್ರಿಜೊಂದು ನನ್ನಲ್ಲಿದೆ. ಅದನ್ನು ಯಂತ್ರಕ್ಕೆ ಸೇರಿಸಿದರೆ ಹೊಸ ಆಟವನ್ನು ತೊಡಗುವ ಆಯ್ಕೆ ಮಾತ್ರ ಬರುತ್ತದೆ. ಹಿಂದಿನದನ್ನು ಮುಂದುವರಿಸುವ ಸಾಲು ಮಾಯವಾಗಿದೆ. ಒಳಗಿನ ನಾಣ್ಯದಂಥ ಬ್ಯಾಟರಿಯು ತನ್ನ ಆಯುಷ್ಯವನ್ನು ಮುಗಿಸಿದೆ. ಅದರೊಡನೆ ಯಾವುದೋ ಮಗುವಿನ ಎಂಟು ಪದಕಗಳೂ, ಕೂಡಿಸಿದ ಪ್ರಾಣಿಗಳೂ, ಪ್ರಾಯಶಃ ಒಂದು ಪ್ರಶಸ್ತಿಪತ್ರವೂ ಹೋದುವು. ಆ ಮಗುವು ಈಗ ದೊಡ್ಡವನಾಗಿರಬೇಕು. ತಂತಿಯ ಆ ತುದಿಯಲ್ಲಿ ಕುಳಿತಿದ್ದ ಗೆಳೆಯನು ಅವನಿಗೆ ನೆನಪಿದ್ದರೆ ಗಳಿಸಿದ್ದು 
ಪೂರ್ತಿಯಾಗಿ ಕಳೆದುಹೋಗಿಲ್ಲವೆಂದು ನನ್ನ ಭಾವನೆ.

ಯಂತ್ರವಂತೂ ನಡೆಯುತ್ತಿದೆ. ನಾಲ್ಕು ಹೊಸ ಬ್ಯಾಟರಿಗಳನ್ನಿಟ್ಟು ಗುಂಡಿಯನ್ನು ಸರಿಸಿದರೆ, ದೀಪದ ಕೆಳಗೆ ಆ ಹಸಿರು ಪರದೆಯು ಇಂದಿಗೂ ಮೂಡುತ್ತದೆ. ಶಿಲುಬೆಯಾಕಾರದ ಗುಂಡಿಯ ಮೇಲೆ ಹೆಬ್ಬೆರಳು ತಾನಾಗಿ ಹೋಗಿ ಕುಳಿತುಕೊಳ್ಳುತ್ತದೆ.